ಬ್ಯಾಟರಿಗೊಂದು ಕೌದಿ

ಡಿಸೆಂಬರ್ ೩, ಮಂಗಳವಾರ

ನನ್ನ ಹೆಂಡತಿ ಯಮನಮ್ಮನ ಕರೆಂಟಿನ ಆಟೋ, ಆ ಡಬ್ಬಿ, ಇವತ್ತು ಮತ್ತೆ ನಿಂತಿತು. ಮಹಾಗಾಂವ್ ಕ್ರಾಸ್ ದಾಟಿದ ಮೇಲಿನ ಏರಿನಲ್ಲಿ, ಇನ್ನೂ ಬೆಳಕು ಹರಿಯದ ಹೊತ್ತಿನಲ್ಲಿ, ಐದು ಜನ ಹೆಂಗಸರು, ಅವರ ಕೆಂಪು ಬಾಳೆಹಣ್ಣಿನ ಬುಟ್ಟಿ, ಸೊಪ್ಪಿನ ಗಂಟುಗಳ ಸಮೇತ. ಮೀಟರಿನಲ್ಲಿ ಅರ್ಧಕ್ಕಿಂತ ಹೆಚ್ಚೇ ಚಾರ್ಜ್ ತೋರಿಸುತ್ತಿತ್ತಂತೆ. ತೋರಿಸುತ್ತಲೇ ಆರಿಹೋಯಿತಂತೆ. ಬಿಸಿಲೇರಿದ ಮೇಲೆ ತಾನಾಗಿಯೇ ಎದ್ದು, ಏನೂ ಆಗಿಲ್ಲವೆಂಬಂತೆ ಕಲಬುರಗಿ ಮುಟ್ಟಿತಂತೆ. ಅಷ್ಟರಲ್ಲಿ ಮಾರ್ಕೆಟಿನ ಒಳ್ಳೆಯ ಜಾಗಗಳೆಲ್ಲ ಬೇರೆಯವರ ಪಾಲಾಗಿದ್ದವು.

ನನಗೆ ನಗು ಬಂತು. ತಡೆದುಕೊಂಡೆ. ಕಾಲಿಗೆ ಪ್ಲಾಸ್ಟರ್ ಹಾಕಿಸಿಕೊಂಡು ಮಲಗಿದವನು ಹೆಂಡತಿಯ ಎದುರು ನಗಬಾರದು. ಚಹಾ ಕೊಡುವವಳು ಅವಳೇ.

ಈ ಡೈರಿ ಬೀಜದ ಕಂಪನಿಯದು. ಆ ಐವರಲ್ಲಿ ಒಬ್ಬರಾದ ಪಕ್ಕದ ಮನೆಯ ಇಕ್ಬಾಲ್ ಬೇಗಂ ತಂದುಕೊಟ್ಟರು, ಹೊತ್ತು ಹೋಗಲಿ ಅಂತ. ಪಿಯುಸಿವರೆಗೆ ಓದಿದ್ದು ಕೊನೆಗೂ ಏನಕ್ಕಾದರೂ ಉಪಯೋಗಕ್ಕೆ ಬರಲಿ. ಬೀಳುವುದಾದರೆ ಗಂಡಸು ಗಿಡದಿಂದಲೋ ಮಾಳಿಗೆಯಿಂದಲೋ ಬೀಳಬೇಕು. ನಾನು ಬಿದ್ದದ್ದು ನನ್ನ ಡೀಸೆಲ್ ಟಂಟಂ ಆಟೋದ ಮೇಲಿಂದ. ಕೊಟ್ಟಿಗೆಯ ತಗಡು ಸೋರುತ್ತದೆಂದು ಅದಕ್ಕೆ ತಾಡಪತ್ರಿ ಕಟ್ಟಲು ಹತ್ತಿದ್ದೆ. ಕಮಲಾಪುರದಿಂದ ಕಲಬುರಗಿಗೆ ಅರ್ಧ ಆಯುಷ್ಯ ಓಡಿಸಿದ ಗಾಡಿ ಅದು. ಮಳೆಗಾಲದಲ್ಲಿ ಅದರ ಎಂಜಿನ್ ಜಾಮ್ ಆಯಿತು. ಮಹಿಳಾ ಸಂಘದ ಕಡೆಯಿಂದ ಯಮನಮ್ಮ ತಂದ ಕರೆಂಟಿನ ಆಟೋ ಅಂಗಳದಲ್ಲಿ ನಿಲ್ಲುತ್ತದೆ. ಕೊಟ್ಟಿಗೆ ನನ್ನ ಗಾಡಿಯದು. ಯಾರ ಜಾಗ ಯಾವುದು ಎಂಬುದು ಮನೆಯಲ್ಲಿ ಸ್ಪಷ್ಟವಾಗಿರಬೇಕು.

ಮೊದಲು ಅವಳು ಹಗಲು ಹೊತ್ತು ಮಾತ್ರ ಓಡಿಸುತ್ತಿದ್ದಳು, ಏನೂ ತಕರಾರು ಇರಲಿಲ್ಲ. ದಸರಾ ಆದ ಮೇಲೆ ಈ ನಸುಕಿನ ಸರದಿ ಹಿಡಿದಳು. ಚಳಿ ಬಂತು, ಡಬ್ಬಿಯ ಬಣ್ಣ ಬಯಲಾಯಿತು. ಸಂಜೆ ರೊಟ್ಟಿ ಬಡಿಯುತ್ತ ಅವಳೇ ಮಾತು ತೆಗೆದಳು.

“ಎಳ್ಳಮಾಸಿ ಒಳಗ ಇದು ಇನ್ನೊಮ್ಮೆ ದಾರ್ಯಾಗ ನಿಂತ್ರ ಮಾರಿಬಿಡ್ತೀನ್ರಿ. ಆ ಹೆಣ್ಮಕ್ಕಳಿಗೆ ಎಷ್ಟು ಸಲ ಮೋಸ ಮಾಡ್ಲಿ? ನಿಮ್ಮ ಗಾಡಿ ರಿಪೇರಿ ಮಾಡಸ್ರಿ, ನೀವs ಹೊಡೀರಿ. ನಾ ತೊಗರಿ ಕೊಯ್ಲಿಕ್ಕ ಹೋಗ್ತೀನಿ, ಮೊದಲಿನಂಗ.”

ಯಮನಮ್ಮ ಮಾತು ಕೊಟ್ಟರೆ ಮುಗಿಯಿತು. ಮದುವೆಯಾದ ಹೊಸದರಲ್ಲಿ ಸಿಟ್ಟಿನ ಭರದಲ್ಲಿ ಇನ್ನು ಚಹಾ ಕುಡಿಯುವುದಿಲ್ಲ ಎಂದವಳು ಇವತ್ತಿನವರೆಗೂ ಕುಡಿದಿಲ್ಲ. ನಾನು ಆಯಿತು ಎಂದೆ. ಒಳಗೊಳಗೇ ಖುಷಿಯಾಯಿತು. ಎಳ್ಳಮಾವಾಸ್ಯೆಗೆ ಇನ್ನೂ ಬಹಳ ದಿನ ಇದೆ.

ಡಿಸೆಂಬರ್ ೫, ಗುರುವಾರ

ಕಂಪನಿಯ ವರ್ಕ್‌ಶಾಪಿಗೆ ತೋರಿಸಿ ಬಂದಳು. ಬ್ಯಾಟರಿಯಲ್ಲಿ ಏನೂ ದೋಷವಿಲ್ಲ ಎಂದರಂತೆ. ಹೇಗೆ ಇರುತ್ತದೆ? ಮಟಮಟ ಮಧ್ಯಾಹ್ನ ತೋರಿಸಿದರೆ? ನಮ್ಮ ಅವ್ವ ಆಸ್ಪತ್ರೆಯ ಮೆಟ್ಟಿಲು ಹತ್ತಿದ ಕೂಡಲೇ ಕೆಮ್ಮುವುದನ್ನು ನಿಲ್ಲಿಸುತ್ತಿದ್ದಳು. ಇದೂ ಅದೇ ಜಾತಿ.

ಯಮನಮ್ಮನ ಮುಖ ಸಣ್ಣದಾಗಿತ್ತು. ಊಟಕ್ಕೆ ಕುಳಿತಾಗ, ಡೀಸೆಲ್ ಗಾಡಿಗೆ ಬೇಸಿಗೆ ಒಂದೇ, ಚಳಿಗಾಲ ಒಂದೇ ಎಂದೆ. ಅವಳು ನನ್ನ ತಟ್ಟೆಗೆ ಹಾಕಲಿದ್ದ ಎರಡನೇ ರೊಟ್ಟಿಯನ್ನು ವಾಪಸ್ ಬುಟ್ಟಿಗೆ ಇಟ್ಟಳು.

ಡಿಸೆಂಬರ್ ೭, ಶನಿವಾರ

ಕಾಲು ತೋರಿಸಲು ಕಲಬುರಗಿಗೆ ಹೋಗಿದ್ದೆ. ಡಬ್ಬಿಯಲ್ಲೇ. ಹಿಂದಿನ ಸೀಟಿನ ತುಂಬ ಕಾಲು ಚಾಚಿಕೊಂಡು, ಹೆಂಡತಿಯ ಬೆನ್ನು ನೋಡುತ್ತ. ಸದ್ದೇ ಇಲ್ಲದ ಗಾಡಿ. ಓಡುತ್ತಿದೆಯೋ ನಿಂತಿದೆಯೋ ಎಂದು ಹೊರಗೆ ನೋಡಿ ತಿಳಿಯಬೇಕು. ಅವಳು ಚೆನ್ನಾಗಿ ಓಡಿಸುತ್ತಾಳೆ. ತಗ್ಗು ಬಂದಲ್ಲಿ ಎಲ್ಲ ನಿಧಾನ ಮಾಡಿದಳು, ನನ್ನ ಕಾಲಿಗೋಸ್ಕರ ಇರಬೇಕು, ಇಲ್ಲವೇ ಗಾಡಿಗೋಸ್ಕರ. ಡಾಕ್ಟರು ಈ ತಿಂಗಳ ಕೊನೆಗೆ ಪ್ಲಾಸ್ಟರ್ ತೆಗೆಯೋಣ ಎಂದರು.

ಬರುವಾಗ ನಂದೂರಿಗೆ ತಿರುಗಿಸಿದಳು. ಅಲ್ಲಿ ದಾಲ್ ಮಿಲ್ಲುಗಳ ನಡುವೆ ಮದಿಹಾ ಎಂಬ ಹುಡುಗಿ ಬ್ಯಾಟರಿ ಕೆಲಸ ಮಾಡುತ್ತಾಳೆ. ಡಿಪ್ಲೊಮಾ ಓದಿದವಳು, ದುಪಟ್ಟಾ ಸೊಂಟಕ್ಕೆ ಬಿಗಿದುಕೊಂಡು ಬ್ಯಾಟರಿಗಳ ಹೊಟ್ಟೆ ಬಿಚ್ಚುತ್ತಾಳೆ. ಅವಳು ಗಾಡಿ ಎಲ್ಲಿ ನಿಲ್ಲುತ್ತದೆ ಎಂದು ಕೇಳಲೇ ಇಲ್ಲ. ಎಷ್ಟು ಹೊತ್ತಿಗೆ ನಿಲ್ಲುತ್ತದೆ ಎಂದು ಕೇಳಿದಳು. ಆಮೇಲೆ ಕೇಳಿದಳು:

“ಇದು ರಾತ್ರಿ ಎಲ್ಲಿ ಮಲಗ್ತದ್ರಿ ಕಾಕಾ?”

ಅಂಗಳದಲ್ಲಿ ಎಂದೆ. ಬಯಲಿನಲ್ಲೇ ಎಂದಳು. ಹೌದು ಎಂದೆ. ಯಮನಮ್ಮ ನನ್ನನ್ನು ನೋಡಿದಳು, ನಾನು ಎದುರಿನ ಮಿಲ್ಲಿನ ಬೋರ್ಡ್ ಓದಿದೆ.

ಚಳಿಗೆ ಬ್ಯಾಟರಿಯ ಒಳಗಿನ ರಸ ದಪ್ಪವಾಗುತ್ತದಂತೆ. ಶೀಶೆಯಲ್ಲಿ ಕೊಬ್ಬರಿ ಎಣ್ಣೆ ಗಟ್ಟಿಯಾಗುತ್ತದಲ್ಲ, ಎಣ್ಣೆ ಅಷ್ಟೇ ಇರುತ್ತದೆ, ಆದರೆ ಬೋರಲು ಹಾಕಿದರೂ ಅಂಗೈಗೆ ಬರುವುದಿಲ್ಲ. ಹಾಗೆಯೇ ಚಾರ್ಜ್ ಒಳಗೇ ಇರುತ್ತದೆ, ಏರು ಬಂದಾಗ ಒಮ್ಮೆಲೇ ಬೇಡಿದರೆ ಬ್ಯಾಟರಿಗೆ ಕೊಡಲಾಗುವುದಿಲ್ಲ. ಹಿಮ ಬೀಳುವ ದೇಶಗಳಲ್ಲಿ ಬ್ಯಾಟರಿಯ ಹೊಟ್ಟೆಯಲ್ಲೇ ಹೀಟರ್ ಇಡುತ್ತಾರಂತೆ. ಗಟ್ಟಿಯಾಗದ ಹೊಸ ರಸ ಹುಡುಕಲು ದೊಡ್ಡ ದೊಡ್ಡವರು ಕೂತಿದ್ದಾರಂತೆ. ನಮ್ಮದರಲ್ಲಿ ಹೀಟರ್ ಇಲ್ಲ, ನಾವೇ ಬೆಚ್ಚಗೆ ಇಟ್ಟುಕೊಳ್ಳಬೇಕು ಎಂದಳು. ಹೇಗೆ ಎಂದು ಹೇಳಲು ಬಾಯಿ ತೆರೆದಳು. ಗಾಡಿ ಹೊಡೆಯುತ್ತಲೇ ತಲೆ ಬೆಳ್ಳಗಾಗಿದೆ, ಬೆಚ್ಚಗೆ ಇಡುವುದು ನನಗೆ ಹೇಳಿಕೊಡಬೇಕಾಗಿಲ್ಲ ಎಂದು ನಾನು ಯಮನಮ್ಮನಿಗೆ ಹೊರಡು ಎಂದೆ.

ಡಿಸೆಂಬರ್ ೧೦, ಮಂಗಳವಾರ

ಚಳಿ ಏರಿದೆ. ಹೊಲದ ಕಡೆಯಿಂದ ಬೀಸುವ ಗಾಳಿ ಕಿವಿ ಕತ್ತರಿಸುತ್ತದೆ.

ಒಂದು ವಿಷಯ ಸ್ಪಷ್ಟವಾಗಿ ಬರೆದಿಡುತ್ತೇನೆ. ನಾನು ಮಾಡಿದ್ದು ಡಬ್ಬಿಯ ಮೇಲಿನ ಪ್ರೀತಿಯಿಂದಲ್ಲ. ನಾಳೆ ಅದು ನಿಂತರೆ, ಗಂಡ ಮನೆಯಲ್ಲೇ ಕೂತಿದ್ದ, ಒಂದು ಕೈ ಹಚ್ಚಲಿಲ್ಲ ಎಂಬ ಮಾತು ಬರಬಾರದು. ಪಂದ್ಯ ಅಂದ ಮೇಲೆ ನ್ಯಾಯವಾಗಿರಬೇಕು. ಅದಕ್ಕೆ ಸಂಜೆ ಯಮನಮ್ಮ ಚಾರ್ಜಿಗೆ ಹಚ್ಚಿ ಒಳಗೆ ಹೋದ ಮೇಲೆ, ಊರುಗೋಲು ಹಿಡಿದು ಅಂಗಳಕ್ಕೆ ಇಳಿದೆ. ನಾನು ಹೊದೆಯುವ ಕೌದಿ ಅವ್ವನ ಕೈಯದು, ಅವಳ ಇಳಕಲ್ ಸೀರೆಗಳ ತುಂಡು ಸೇರಿಸಿ ಹೊಲಿದದ್ದು. ಅದಕ್ಕಿಂತ ಬೆಚ್ಚಗಿನದು ಈ ಓಣಿಯಲ್ಲೇ ಇಲ್ಲ. ಹಿಂದಿನ ಸೀಟು ಎತ್ತಿ ಅದರ ಕೆಳಗಿನ ಬ್ಯಾಟರಿ ಪೆಟ್ಟಿಗೆಗೆ ಸುತ್ತಲೂ ಹೊದಿಸಿದೆ. ಪಕ್ಕದಲ್ಲಿ ಚಾರ್ಜರ್ ಕೂತಿತ್ತು. ಅದಕ್ಕೂ ಪಾಪ ಚಳಿ. ಅದನ್ನೂ ಒಳಗೆ ಸೇರಿಸಿ, ಬಾಣಂತಿಗೆ ಹೊದಿಸಿದ ಹಾಗೆ ಎಲ್ಲೂ ಗಾಳಿಯಾಡದಂತೆ ಸಿಗಿಸಿದೆ.

ನಾನು ಚಾದರ ಹೊದ್ದು ಮಲಗುತ್ತೇನೆ. ನನಗೇನು ಅಂಥ ಚಳಿ ಇಲ್ಲ.

ಡಿಸೆಂಬರ್ ೧೧, ಬುಧವಾರ

ನಿಂತಿತು.

ಕೌದಿಯ ಒಳಗೆ ಚಾರ್ಜರ್ ಕಾದು ಕೆಂಡವಾಗಿ, ತನ್ನನ್ನು ತಾನೇ ಬಂದ್ ಮಾಡಿಕೊಂಡಿದೆ. ಬ್ಯಾಟರಿ ಅರ್ಧವೂ ತುಂಬಿರಲಿಲ್ಲ. ನಸುಕಿನಲ್ಲಿ ಹೊರಡುವಾಗ ಅವಳು ಚಾರ್ಜ್ ಆಗಿದೆಯೇ ಎಂದು ಕೇಳಿದಳು. ನಾನು ಹಾಸಿಗೆಯಿಂದಲೇ ಫುಲ್ ಆಗಿದೆ, ಹೋಗು ಎಂದೆ. ನೋಡಿರಲಿಲ್ಲ. ಅವಳು ನನ್ನ ಮಾತು ನಂಬಿ ಮೀಟರ್ ನೋಡದೆ ಹೊರಟಳು.

ಅದೇ ಏರು. ಹೆಂಗಸರು ಬುಟ್ಟಿ ಹೊತ್ತು ಕ್ರಾಸಿನವರೆಗೆ ವಾಪಸ್ ನಡೆದು ಬಸ್ಸು ಹಿಡಿದರಂತೆ. ಇಕ್ಬಾಲ್ ಬೇಗಂ ಅವರ ಬಾಳೆಹಣ್ಣು ಬಸ್ಸಿನ ನೂಕುನುಗ್ಗಲಿನಲ್ಲಿ ನುಗ್ಗಾದವು. ಯಮನಮ್ಮ ಮಧ್ಯಾಹ್ನ ಮನೆಗೆ ಬಂದು ಕೌದಿಯನ್ನು ಮಡಚಿ ನನ್ನ ಹಾಸಿಗೆಯ ಮೇಲೆ ಇಟ್ಟಳು. ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು.

“ಮಾತು ಅಂದ್ರ ಮಾತು. ಗಿರಾಕಿ ನೋಡ್ರಿ ಅಂತ ಆಪಾಗ ಹೇಳೀನಿ,” ಎಂದಳು. ಆಪಾ ಅಂದರೆ ಇಕ್ಬಾಲ್ ಬೇಗಂ.

ನಾನು ಗೆದ್ದೆ. ಊಟ ರುಚಿಸಲಿಲ್ಲ, ಬದನೆಕಾಯಿಗೆ ಉಪ್ಪು ಕಡಿಮೆಯಾಗಿತ್ತು ಅನ್ನಿಸುತ್ತದೆ.

ಡಿಸೆಂಬರ್ ೧೨, ಗುರುವಾರ

ಮಾತಿಲ್ಲ. ರೊಟ್ಟಿ ಬಿಸಿ ಇತ್ತು, ಅಷ್ಟೇ.

ಡಿಸೆಂಬರ್ ೧೩, ಶುಕ್ರವಾರ

ಇವತ್ತು ವಾದ ಮಾಡಿದೆ. ನಿಂತದ್ದು ಗಾಡಿಯಲ್ಲ, ನಿಲ್ಲಿಸಿದ್ದು ನನ್ನ ಕೌದಿ, ಆದ್ದರಿಂದ ಬುಧವಾರದ್ದು ಲೆಕ್ಕಕ್ಕಿಲ್ಲ ಎಂದೆ. ನ್ಯಾಯ ನ್ಯಾಯವೇ. ಅವಳು ತೊಗರಿ ಬೇಳೆ ಆರಿಸುತ್ತ ಕೇಳಿಸಿಕೊಂಡಳು. ದಾರಿಯಲ್ಲಿ ನಿಂತ ಹೆಂಗಸರಿಗೆ ಯಾಕೆ ನಿಂತಿತು ಎಂಬುದರಿಂದ ಏನಾಗಬೇಕು, ನಿಂತಿತೋ ಇಲ್ಲವೋ ಅಷ್ಟೇ ಎಂದಳು.

ಮದಿಹಾಗೆ ಫೋನ್ ಮಾಡಿದೆ. ಚಾರ್ಜರಿಗೆ ಕೌದಿ ಹೊದಿಸಿದ್ದು ಕೇಳಿ ಆ ಹುಡುಗಿ ಮೊದಲು ಏನಾದರೂ ಸುಟ್ಟಿದೆಯೇ ಎಂದು ಕೇಳಿದಳು. ಆಮೇಲೆ ಆಡಿದ್ದನ್ನು ಇಲ್ಲಿ ಬರೆಯುವುದಿಲ್ಲ. ಬೆಂಕಿ ಹತ್ತದೆ ಇದ್ದದ್ದು ನಮ್ಮ ಪುಣ್ಯವಂತೆ. ಅವತ್ತು ರಾತ್ರಿ ಯಮನಮ್ಮ ಒಳಗೆ ಮಲಗಿದ್ದಳು.

“ಕಾಕಾ, ಕೌದಿ ಬಿಸಿ ಹುಟ್ಟಸಂಗಿಲ್ರಿ. ಇದ್ದ ಬಿಸಿ ಹಿಡಕೊಂಡಿರ್ತದ, ಅಷ್ಟs,” ಎಂದಳು ಮದಿಹಾ ಕೊನೆಗೆ, ಸ್ವಲ್ಪ ಶಾಂತವಾಗಿ.

ಈ ಸಲ ಪೂರ್ತಿ ಕೇಳಿಸಿಕೊಂಡೆ. ಸಂಜೆ ಗಾಡಿ ಓಡಿ ಬಂದಾಗ ಬ್ಯಾಟರಿ ಬೆಚ್ಚಗಿರುತ್ತದೆ, ಆಗಲೇ ಹೊದಿಸಬೇಕು. ಸಂಜೆ ಚಾರ್ಜ್ ಮಾಡಬಾರದು. ನಸುಕಿಗೆ ಮೊದಲು ಎದ್ದು, ಕೌದಿ ತೆಗೆದು, ಆಗ ಹಚ್ಚಬೇಕು. ಚಾರ್ಜ್ ಆಗುವಾಗ ಬ್ಯಾಟರಿ ಒಳಗಿನಿಂದ ತಾನೇ ಬಿಸಿಯಾಗುತ್ತದೆ. ಹೊರಡುವ ಹೊತ್ತಿಗೆ ಸರಿಯಾಗಿ ಮುಗಿದರೆ ಆ ಬಿಸಿಯಲ್ಲೇ ಏರು ಹತ್ತುತ್ತದೆ. ಚಾರ್ಜ್ ಆಗುವಷ್ಟು ಹೊತ್ತೂ ಚಾರ್ಜರಿನ ಮೇಲಾಗಲೀ ಬ್ಯಾಟರಿಯ ಮೇಲಾಗಲೀ ಒಂದು ಎಳೆ ಬಟ್ಟೆ ಇರಬಾರದು, ಪಕ್ಕದಲ್ಲಿ ಒಬ್ಬರು ಎಚ್ಚರವಿರಬೇಕು. ಮುಗಿದ ಮೇಲೆ ಮತ್ತೆ ಹೊದಿಸಬೇಕು. ಮೊದಲ ಅರ್ಧ ದಾರಿ ನಿಧಾನ ಹೋಗಬೇಕು. ಬಿಸಿಲೇರಿದ ಮೇಲೆ ಕೌದಿ ತೆಗೆಯಬೇಕು. ಮತ್ತೆ, ಗಾಡಿ ಬಯಲಿನಲ್ಲಿ ಮಲಗಬಾರದು.

ಮಾರುವ ಗಾಡಿಗೆ ಇದೆಲ್ಲ ಯಾಕೆ ಎಂದು ಯಾರಾದರೂ ಕೇಳಬಹುದು. ಮಾರುವ ಎತ್ತಿಗೂ ಮೈ ತೊಳೆಯುತ್ತಾರೆ. ಕೊಂಡವನು ನಾಳೆ ಬಂದು ಬಯ್ಯಬಾರದು.

ಡಿಸೆಂಬರ್ ೧೫, ರವಿವಾರ

ಇವತ್ತು ರಜೆ. ಹೆಂಗಸರನ್ನೆಲ್ಲ ಕರೆಸಿ ಡೀಸೆಲ್ ಗಾಡಿಯನ್ನು ಕೊಟ್ಟಿಗೆಯಿಂದ ಅಂಗಳಕ್ಕೆ ತಳ್ಳಿಸಿದೆ. ನಾನು ಊರುಗೋಲು ತೋರಿಸಿ ಎಡಕ್ಕೆ, ಬಲಕ್ಕೆ ಎನ್ನುತ್ತಿದ್ದೆ, ಅವರು ತಮಗೆ ಬೇಕಾದ ಕಡೆ ತಳ್ಳಿದರು. ಬುಧವಾರ ನಡೆಸಿದ್ದಕ್ಕೆ ಸಿಟ್ಟಿರಬಹುದು ಎಂದುಕೊಂಡಿದ್ದೆ. ನಗುತ್ತಲೇ ತಳ್ಳಿದರು. ಇಕ್ಬಾಲ್ ಬೇಗಂ ಮಾತ್ರ, ಬಾಳೆಹಣ್ಣಿಗೂ ಒಂದು ಕೌದಿ ಹೊಲಿಸಿಕೊಡಿ ಭಾಯ್, ನುಗ್ಗಾಗುವುದಿಲ್ಲ ಎಂದರು. ನನಗೆ ಅಷ್ಟು ಸಲ್ಲಬೇಕಾದದ್ದೇ.

ಕರೆಂಟಿನ ಗಾಡಿ ಈಗ ಕೊಟ್ಟಿಗೆಯಲ್ಲಿದೆ. ಅಡುಗೆಮನೆಯ ಒಲೆಯ ಗೋಡೆ ಆ ಕಡೆಗೇ ಬರುತ್ತದೆ, ಮುಟ್ಟಿದರೆ ಉಗುರುಬೆಚ್ಚಗೆ. ಡೀಸೆಲ್ ಗಾಡಿ ನಾಲ್ಕು ದಿನ ಇಬ್ಬನಿಯಲ್ಲಿ ನಿಂತರೆ ಏನೂ ಆಗುವುದಿಲ್ಲ, ಕಬ್ಬಿಣ. ಅದರ ಡ್ರೈವರ್ ಸೀಟು ಮಾತ್ರ ಬಿಚ್ಚಿಸಿ ಕೊಟ್ಟಿಗೆಯಲ್ಲಿ ಹಾಕಿಸಿಕೊಂಡೆ. ನಸುಕಿನಲ್ಲಿ ಎದ್ದು ಕೂರಲು ಬೇಕಲ್ಲ. ಇಷ್ಟು ವರ್ಷ ಕೂತು ನನ್ನ ಮೈಯ ಅಳತೆಗೆ ಬಂದಿರುವ ಸೀಟು.

ಯಮನಮ್ಮ ಬಾಗಿಲಲ್ಲಿ ನಿಂತು ಎಲ್ಲವನ್ನೂ ನೋಡಿದಳು.

ಡಿಸೆಂಬರ್ ೧೭, ಮಂಗಳವಾರ

ನಿನ್ನೆಯೂ ಇವತ್ತೂ ಏರು ಹತ್ತಿತು. ಒಂದು ಸಲವೂ ಉಸಿರು ಕಟ್ಟಲಿಲ್ಲವಂತೆ. ಹೊರಡುವ ಮೊದಲು ಮೀಟರ್ ಎರಡು ಸಲ ನೋಡಿದೆ. ಯಮನಮ್ಮನಿಗೂ ತೋರಿಸಿದೆ. ಅವಳು ನೋಡಿ, ನೋಡಿದೆ ಎಂದು ಬಾಯಿಬಿಟ್ಟು ಹೇಳಿದಳು.

ಬ್ಯಾಟರಿ ಪೆಟ್ಟಿಗೆಯ ಮೇಲೆ ಅಂಗೈ ಇಟ್ಟು ನೋಡುವುದು ರೂಢಿಯಾಗಿದೆ. ಜ್ವರ ನೋಡಿದ ಹಾಗೆ. ಸಂಜೆ ಒಂದು ಬೆಚ್ಚಗೆ, ನಸುಕಿನಲ್ಲಿ ಇನ್ನೊಂದು ಬೆಚ್ಚಗೆ, ಎರಡಕ್ಕೂ ವ್ಯತ್ಯಾಸ ತಿಳಿಯುತ್ತದೆ. ಮದಿಹಾಗೆ ಹೇಳಿದೆ. ನಕ್ಕಳು, ಆದರೆ ಒಳ್ಳೆಯದು ಕಾಕಾ ಎಂದಳು.

ಚಾದರದಲ್ಲಿ ಸೊಳ್ಳೆ ಕಡಿಮೆ ಎನ್ನಬಹುದು. ಚಳಿ ಎಂದೇನಿಲ್ಲ, ಮೊಣಕಾಲು ಸ್ವಲ್ಪ ನೋಯುತ್ತದೆ.

ಡಿಸೆಂಬರ್ ೧೯, ಗುರುವಾರ

ಈ ವರ್ಷ ಇಂಥ ಚಳಿ ಬಿದ್ದಿಲ್ಲ. ನಸುಕಿನಲ್ಲಿ ಬಚ್ಚಲಿನ ನೀರು ಮುಟ್ಟಿದರೆ ಕೈ ಜೋಮು ಹಿಡಿಯಿತು. ಹೋಗಬೇಡ ಎಂದೆ. ಇಂಥ ದಿನವೇ ಹೋಗದಿದ್ದರೆ ಇಷ್ಟೆಲ್ಲ ಯಾಕೆ ಮಾಡಿದಿರಿ ಎಂದಳು. ಬ್ಯಾಟರಿಗೆ ಕೌದಿ ಸರಿಮಾಡಿದೆ. ಅವಳ ಕಿವಿಗೆ ನನ್ನ ಮಫ್ಲರ್ ಕಟ್ಟಿದೆ. ನಿಧಾನ ಹೋಗು ಎಂದೆ. ಅವಳು ಹಾಂ ಎಂದಳು.

ಆಮೇಲೆ ಕೂತೆ. ಈ ಗಾಡಿಗೆ ಸದ್ದಿಲ್ಲದ್ದು ಒಂದು ದೊಡ್ಡ ತೊಂದರೆ. ಡೀಸೆಲ್ ಆದರೆ ಊರ ಆಚೆ ಇರುವಾಗಲೇ ತಿಳಿಯುತ್ತದೆ. ಇದು ಬರುವುದು ತಿಳಿಯುವುದಿಲ್ಲ, ಬಂದಿಲ್ಲ ಎಂಬುದೂ ತಿಳಿಯುವುದಿಲ್ಲ. ಫೋನ್ ಮಾಡಿದರೆ ಓಡಿಸುವಾಗ ಎತ್ತುವುದಿಲ್ಲ. ಎತ್ತಲೂಬಾರದು. ಕೈಯಲ್ಲಿ ಫೋನ್ ಹಿಡಿದು ಅಂಗಳದಲ್ಲಿ ಡೀಸೆಲ್ ಗಾಡಿಗೆ ಒರಗಿ ನಿಂತೆ. ಅದು ಕಬ್ಬಿಣದ ಚಳಿ, ಬೆನ್ನಿಗೆ ಹತ್ತಿತು. ಬಿಸಿಲು ಬಿದ್ದ ಮೇಲೆ ಅವಳೇ ಮಾರ್ಕೆಟಿನಿಂದ ಫೋನ್ ಮಾಡಿದಳು.

“ಹತ್ತಿತ್ರಿ. ಆ ಏರಿನ ಮ್ಯಾಲ ಡೀಸೆಲ್ ಜೀಪ್ ನಿಂತಿತ್ತು, ನಾವು ದಾಟಿ ಬಂದ್ವಿ.”

ಹಿಂದಿನಿಂದ ಹೆಂಗಸರ ನಗು ಕೇಳಿಸುತ್ತಿತ್ತು. ನನಗೆ ಬಹಳ ಸಂತೋಷವಾಯಿತು. ಬಹಳ ಅಂದರೆ ಬಹಳ. ಡೀಸೆಲ್ ಜೀಪಿನವನಿಗೆ ಏನಾಯಿತೋ ಕೇಳಲು ಮರೆತೆ.

ಡಿಸೆಂಬರ್ ೨೩, ಸೋಮವಾರ

ಗಿರಾಕಿ ಸಿಕ್ಕಿದ್ದಾರೆ. ಕಲಬುರಗಿಯ ಖೂಬಾ ಪ್ಲಾಟಿನ ಸಲಾವುದ್ದೀನ್, ಇಕ್ಬಾಲ್ ಬೇಗಂ ಅವರ ಪರಿಚಯದವರು. ಗಾಡಿಗಳ ವ್ಯಾಪಾರ. ಶನಿವಾರ ಬರುತ್ತಾರಂತೆ.

ಗಾಡಿ ಈಗ ಸರಿಹೋಗಿದೆಯಲ್ಲ ಎಂದೆ. ಹೌದು ಎಂದಳು. ಹಾಗಾದರೆ ಎಂದೆ. ಮಾತು ಕೊಟ್ಟಾಗಿದೆ, ಎಲ್ಲರ ಎದುರಿಗೂ ಹೇಳಿಯಾಗಿದೆ, ಗಾಡಿ ಮಾರುವುದು, ನಿಮ್ಮದನ್ನು ರಿಪೇರಿ ಮಾಡಿಸುವುದು, ನಿಮಗೂ ಅದೇ ತಾನೇ ಬೇಕಾಗಿತ್ತು ಎಂದಳು. ಹೌದು, ಬೇಕಾಗಿತ್ತು. ಅದನ್ನು ಈ ಡೈರಿಯಲ್ಲೇ ಬರೆದಿದ್ದೇನೆ.

ಮಧ್ಯಾಹ್ನಗಳಲ್ಲಿ ಅವಳು ಹಳೆಯ ಸೀರೆ ಹರಿದು ಹೊಸ ಕೌದಿ ಹೊಲಿಯುತ್ತಿದ್ದಾಳೆ. ಗಾಡಿಯ ಜೊತೆ ಗಿರಾಕಿಗೆ ಕೊಡಲು ಇರಬೇಕು, ಅವ್ವನ ಕೌದಿ ಕೊಡಲಾಗುವುದಿಲ್ಲವಲ್ಲ. ಆದರೆ ಬ್ಯಾಟರಿಗೆ ಅಷ್ಟು ಉದ್ದ ಬೇಕಿಲ್ಲ. ಹೇಳಿದೆ. ಅಳತೆ ತನಗೆ ಗೊತ್ತಿದೆ ಎಂದಳು. ಅವಳ ಹಟ ಅವಳಿಗೆ.

ಡಿಸೆಂಬರ್ ೨೬, ಗುರುವಾರ

ಪ್ಲಾಸ್ಟರ್ ತೆಗೆದರು. ಕಾಲು ಸಣಕಲಾಗಿದೆ, ಆದರೆ ನನ್ನದೇ. ಹೊಸ ವರ್ಷದಿಂದ ಗಾಡಿ ಹೊಡೆಯಬಹುದು ಎಂದರು ಡಾಕ್ಟರು. ಯಮನಮ್ಮ ನನಗಿಂತ ಮೊದಲು ಅವರಿಗೆ ಕೈಮುಗಿದಳು.

ಬರುವಾಗ ದಾರಿಯುದ್ದಕ್ಕೂ ಅವಳ ಬೆನ್ನು ನೋಡಿದೆ. ಎದುರಿನಿಂದ ಬಂದ ಬಸ್ಸಿನ ಡ್ರೈವರ್ ಅವಳಿಗೆ ಕೈ ಎತ್ತಿದ. ಡ್ರೈವರ್ ಡ್ರೈವರಿಗೆ ಎತ್ತುವ ಹಾಗೆ. ಅವಳೂ ಹ್ಯಾಂಡಲಿನಿಂದ ಎರಡು ಬೆರಳು ಎತ್ತಿದಳು. ಅದನ್ನು ನಾನು ಕಲಿಸಿದ್ದಲ್ಲ. ಆ ಬೆರಳುಗಳು ಮತ್ತೆ ಕುಡಗೋಲು ಹಿಡಿಯುತ್ತವೆ ಎಂಬುದನ್ನು ನೆನೆದು ಎದೆಯಲ್ಲಿ ಏನೋ ಹಿಂಡಿದಂತಾಯಿತು. ಹಸಿವೆ ಇರಬಹುದು. ಬೆಳಗಿನಿಂದ ಏನೂ ತಿಂದಿರಲಿಲ್ಲ.

ಡಿಸೆಂಬರ್ ೨೮, ಶನಿವಾರ

ಆದದ್ದನ್ನು ಆದ ಹಾಗೇ ಬರೆಯುತ್ತೇನೆ.

ಸಲಾವುದ್ದೀನ್ ಬಂದಾಗ ಯಮನಮ್ಮ ಇನ್ನೂ ಕಲಬುರಗಿಯಿಂದ ಬಂದಿರಲಿಲ್ಲ. ದಪ್ಪ ಮನುಷ್ಯ, ಒಳ್ಳೆಯ ಮಾತು. ಅಂಗಳದಲ್ಲಿ ಕುರ್ಚಿ ಹಾಕಿ ಚಹಾ ಕೊಟ್ಟೆ. ಕುಡಿಯುತ್ತ ಕುಡಿಯುತ್ತ ಅವರ ಕಣ್ಣು ಡೀಸೆಲ್ ಗಾಡಿಯ ಕಡೆಗೇ ಹೋಗುತ್ತಿತ್ತು. ಅವರ ಹತ್ತಿರ ಇದೇ ಮಾಡೆಲ್ಲಿನ ಎರಡು ಓಡುತ್ತಿವೆಯಂತೆ, ಸಾಮಾನು ಎಲ್ಲೂ ಸಿಗುತ್ತಿಲ್ಲವಂತೆ. ಎದ್ದು ಹೋಗಿ ಅದರ ಗೇರ್ ಬಾಕ್ಸ್, ಆಕ್ಸೆಲ್, ಎಲ್ಲ ಬಗ್ಗಿ ನೋಡಿದರು. ಚೆನ್ನಾಗಿ ಇಟ್ಟಿದ್ದೀರಿ ಎಂದರು. ರಸ್ತೆಯಲ್ಲಿ ನೋಡುತ್ತಿದ್ದೆ, ಹಿಂದೆ ಪರದೆ ಇತ್ತಲ್ಲ, ಎಲ್ಲಿ ಎಂದರು. ಗಿಳಿ ಚಿತ್ರದ ಪರದೆ. ನಾನು ಇವತ್ತೇ ಗಮನಿಸಿದ್ದು, ಇರಲಿಲ್ಲ. ಗಾಳಿಗೆ ಹಾರಿತೋ, ಯಾರಾದರೂ ಒಯ್ದರೋ.

“ಕಾಶಿರಾಯ ಭಾಯ್, ನಾ ಬಂದಿದ್ದು ಬ್ಯಾಟರಿ ಗ್ಯಾಡಿಗೆ. ಆದ್ರ ದಿಲ್ ಇದ್ರ ಮ್ಯಾಲ ಕುಂತದ,” ಎಂದರು.

ನಾನು ಕೊಟ್ಟಿಗೆಯ ಕಡೆ ನೋಡಿದೆ. ಅಲ್ಲಿ ನನ್ನ ಸೀಟು, ಮಡಚಿಟ್ಟ ಚಾದರ, ಗೋಡೆಗೆ ಚಾರ್ಜರಿನ ವೈರು. ಗಾಡಿ ನಿಲ್ಲುವ ಜಾಗ ಖಾಲಿ. ಅವಳು ಬರುವವರೆಗೆ ಆ ಜಾಗ ಹೀಗೇ ಖಾಲಿ ಇರುತ್ತದೆ, ಬಂದ ಮೇಲೆ ತುಂಬುತ್ತದೆ, ದಿನಾ ಅದನ್ನೇ ಕಾಯುತ್ತೇನೆ. ಮಾರಿದರೆ ನಾಳೆಯಿಂದ ತುಂಬುವುದಿಲ್ಲ.

ಹಾಗಾದರೆ ಇದನ್ನೇ ಒಯ್ಯಿರಿ ಎಂದೆ. ಇವತ್ತೇ ಒಯ್ಯಬೇಕು, ಈಗಲೇ ಒಯ್ಯಬೇಕು ಎಂದೆ. ಅವರು ಟೆಂಪೊ ತರಿಸಿ, ಹಗ್ಗ ಕಟ್ಟಿ, ಎಳೆದುಕೊಂಡು ಹೋದರು. ಓಣಿಯ ತಿರುವಿನಲ್ಲಿ ಅದು ಒಂದು ಸಲ ವಾಲಿತು, ಯಾವಾಗಲೂ ವಾಲುವ ಹಾಗೆ. ಕಣ್ಣಲ್ಲಿ ನೀರು ಬಂತು. ಬರೆಯಲು ನಾಚಿಕೆ ಏನಿಲ್ಲ.

ಯಮನಮ್ಮ ಬಂದಳು. ಅಂಗಳ ನೋಡಿದಳು, ನೆಲದ ಮೇಲಿನ ಎಣ್ಣೆ ಕಲೆ ನೋಡಿದಳು, ನನ್ನನ್ನು ನೋಡಿದಳು. ನಾನು ಗಾಡಿ ಹೋದಾಗಿನಿಂದ ತಯಾರು ಮಾಡಿಕೊಂಡಿದ್ದ ಮಾತು ಹೇಳಿದೆ.

“ನೀ ಏನ್ ಮಾತ್ ಕೊಟ್ಟಿದ್ದಿ? ಇದನ್ನ ಮಾರಿ ನನ್ನ ಗಾಡಿ ರಿಪೇರಿ ಮಾಡಸೋದು ಅಂತ. ಈಗ ರಿಪೇರಿ ಮಾಡಸ್ಲಿಕ್ಕ ಗಾಡಿನೇ ಇಲ್ಲ. ಒಂದು ಮನ್ಯಾಗ ಇಬ್ರೂ ಗಾಡಿ ಇಲ್ದ ಕೂಡೋದು ಅಂತ ಯಾರಿಗೂ ಮಾತ್ ಕೊಟ್ಟಿಲ್ಲ ನೀ.”

ಅವಳು ಎಣ್ಣೆ ಕಲೆಯ ಮೇಲೆ ಒಂದು ಹಿಡಿ ಮಣ್ಣು ಹಾಕಿದಳು. ಆಮೇಲೆ ಆಟೋವನ್ನು ಕೊಟ್ಟಿಗೆಗೆ ಹಾಕಿ, ಸೀಟು ಎತ್ತಿ, ತಾನೇ ಕೌದಿ ಹೊದಿಸಿದಳು. ಒಳಗೆ ಹೋಗಿ ಇಕ್ಬಾಲ್ ಬೇಗಂ ಅವರಿಗೆ ಫೋನ್ ಮಾಡಿ, ಮಂಗಳವಾರ ಎಂದಿನ ಹೊತ್ತಿಗೇ ತಯಾರಿರಿ ಎಂದಳು. ರಾತ್ರಿ ನನ್ನ ತಟ್ಟೆಗೆ ಕೇಳದೆಯೇ ಮೂರನೇ ರೊಟ್ಟಿ ಬಂತು. ಮಧ್ಯಾಹ್ನದ ಟ್ರಿಪ್ ಹೊಸ ವರ್ಷದಿಂದ ನೀವು ಹೊಡೆಯಿರಿ ಎಂದಳು. ಯೋಚನೆ ಮಾಡುತ್ತೇನೆ ಎಂದೆ. ಗಂಡಸು ಒಮ್ಮೆಲೇ ಒಪ್ಪಬಾರದು.

ಡಿಸೆಂಬರ್ ೩೦, ಸೋಮವಾರ, ಎಳ್ಳಮಾವಾಸ್ಯೆ

ಇವತ್ತು ಊರಿಗೆ ಊರೇ ಹೊಲಕ್ಕೆ ಹೋಗುವ ದಿನ, ನಸುಕಿನ ಸರದಿ ಇಲ್ಲ. ಆದರೂ ನಸುಕಿಗೆ ಮೊದಲೇ ಎಚ್ಚರವಾಯಿತು. ಕೊಟ್ಟಿಗೆಗೆ ಹೋಗಿ, ಕೌದಿ ಸರಿಸಿ, ಬ್ಯಾಟರಿಯ ಮೇಲೆ ಅಂಗೈ ಇಟ್ಟ ಮೇಲೆ ಇಷ್ಟು ಬೇಗ ಚಾರ್ಜ್ ಹಚ್ಚುವ ಕೆಲಸವಿಲ್ಲ ಎಂದು ನೆನಪಾಯಿತು. ಬಂದದ್ದು ಬಂದೆ ಎಂದು ಸೀಟಿನ ಮೇಲೆ ಕೂತೆ. ಗೋಡೆಯ ಆಚೆ ಅವಳು ಆಗಲೇ ಒಲೆ ಹಚ್ಚಿದ್ದಳು, ಸಜ್ಜೆ ರೊಟ್ಟಿಯ ವಾಸನೆ ಬರುತ್ತಿತ್ತು. ಹೊಲಕ್ಕೆ ಎಲ್ಲರೂ ನಮ್ಮ ಗಾಡಿಯಲ್ಲೇ ಹೋಗುವುದು, ಇಕ್ಬಾಲ್ ಬೇಗಂ ಅವರೂ ಬರುತ್ತಾರೆ, ಕಾಳು ಸೊಪ್ಪು ಬೇಯಿಸಿದ ಭಜ್ಜಿಯ ಪಾತ್ರೆ ಅವರ ತೊಡೆಯ ಮೇಲೆ ಎಂದು ನಿನ್ನೆಯೇ ತೀರ್ಮಾನವಾಗಿದೆ.

ಸ್ವಲ್ಪ ಹೊತ್ತಿಗೆ ಯಮನಮ್ಮ ಬಂದಳು. ಕೈಯಲ್ಲಿ ಹೊಸ ಕೌದಿ. ಬ್ಯಾಟರಿಗೆ ಆಗಲೇ ಇದೆಯಲ್ಲ ಎಂದೆ. ಅವಳು ಬ್ಯಾಟರಿಯ ಕಡೆ ನೋಡಲೇ ಇಲ್ಲ. ನೇರ ಬಂದು ನನಗೆ ಹೊದಿಸಿ, ಎರಡೂ ತುದಿ ಎಳೆದು ಕತ್ತಿನ ಹತ್ತಿರ ಸಿಗಿಸಿದಳು. ಆಗ ತಿಳಿಯಿತು, ಈ ಚಳಿಗಾಲ ಪೂರ್ತಿ ನಾನು ನಡುಗಿದ್ದೇನೆ.

ಬಲ್ಬಿನ ಬೆಳಕಿಗೆ ಹಿಡಿದು ನೋಡಿದೆ. ಸುತ್ತಲೂ ಅವಳ ಸೀರೆಗಳು. ನಡುವೆ ದೊಡ್ಡ ತುಂಡೊಂದು, ಹಸಿರು ಗಿಳಿಗಳು. ನನ್ನ ಗಾಡಿಯ ಪರದೆ.

ಇದನ್ನು ಯಾವಾಗ ತೆಗೆದೆ, ಮಾರಿದ ದಿನ ಇರಲಿಲ್ಲವಲ್ಲ ಎಂದು ಕೇಳಿದೆ.

“ನೀವು ನಿಮ್ಮ ಗಾಡಿ ಹೊರಗ ಹಾಕಸಿದ ದಿನಾನೇ ಬಿಚ್ಚಿಟ್ಟೀನ್ರಿ. ಅದು ಇನ್ನ ಒಳಗ ಬರಂಗಿಲ್ಲ ಅಂತ ನನಗ ಅವತ್ತೇ ತಿಳೀತು. ನಿಮಗ ತಿಳೀಲಿಕ್ಕ ಇಷ್ಟು ದಿನ ಹಿಡೀತು.”

ಸರಿದು ಕೂತು ಸೀಟಿನಲ್ಲಿ ಜಾಗ ಮಾಡಿದೆ. ಒಲೆಯ ಮೇಲೆ ರೊಟ್ಟಿ ಇದೆ ಎಂದಳು, ಆದರೂ ಕೂತಳು. ಕೌದಿ ಉದ್ದವಾಗಿತ್ತು, ಇಬ್ಬರಿಗೂ ಸಾಕಾಯಿತು.